ಲೆಕ್ಕದಲ್ಲಿ, ನೆರಳಿನಲ್ಲಿ ಸಿಕ್ಕ ಗ್ರಹಗಳು

1977ರ ಮಾರ್ಚ್ 10ರ ರಾತ್ರಿ. ತಮಿಳುನಾಡಿನ ಜವ್ವಾದು ಬೆಟ್ಟಗಳ ನಡುವಿನ ಕವಲೂರಿನಲ್ಲಿ, ಬೆಂಗಳೂರಿನ ಭಾರತೀಯ ಖಗೋಳ ಭೌತವಿಜ್ಞಾನ ಸಂಸ್ಥೆಗೆ ಸೇರಿದ ಒಂದು ಮೀಟರ್ ದೂರದರ್ಶಕವನ್ನು ತುಲಾ ರಾಶಿಯ ಮಂಕು ನಕ್ಷತ್ರವೊಂದರತ್ತ ತಿರುಗಿಸಿ ಇಡಲಾಗಿತ್ತು. ನಕ್ಷತ್ರಕ್ಕೆ ಹೆಸರೂ ಇರಲಿಲ್ಲ, ಪಟ್ಟಿಯಲ್ಲೊಂದು ಸಂಖ್ಯೆ ಮಾತ್ರ: ಎಸ್‌ಎಒ 158687. ಅಂದು ಯುರೇನಸ್ ಗ್ರಹ ಅದರ ಹತ್ತಿರದಲ್ಲೇ ಹಾದುಹೋಗಲಿತ್ತು. ಜೆ.ಸಿ. ಭಟ್ಟಾಚಾರ್ಯ ಮತ್ತು ಕೆ. ಕುಪ್ಪುಸ್ವಾಮಿ ನಕ್ಷತ್ರದ ಬೆಳಕನ್ನು ಬಿಡದೆ ಅಳೆದು ದಾಖಲಿಸುತ್ತಿದ್ದರು. ಗ್ರಹದ ಬಿಂಬ ಇನ್ನೂ ದೂರವಿದ್ದಾಗಲೇ ನಕ್ಷತ್ರದ ಬೆಳಕು ಕೆಲವು ಸೆಕೆಂಡು ಕುಸಿಯಿತು, ಮತ್ತೆ ಮೊದಲಿನಂತಾಯಿತು.

ಅದೇ ಹೊತ್ತಿಗೆ ಹಿಂದೂ ಮಹಾಸಾಗರದ ದಕ್ಷಿಣ ಭಾಗದ ಮೇಲೆ ಒಂದು ವಿಮಾನ ಹಾರುತ್ತಿತ್ತು. ನಾಸಾದ ಕೈಪರ್ ವಾಯು ವೀಕ್ಷಣಾಲಯ ಅದು. ಅದರೊಳಗೆ 91 ಸೆಂ.ಮೀ. ದೂರದರ್ಶಕ, ಜೊತೆಗೆ ಜೇಮ್ಸ್ ಎಲಿಯಟ್, ಎಡ್ವರ್ಡ್ ಡನ್‌ಹ್ಯಾಮ್ ಮತ್ತು ಡಗ್ಲಸ್ ಮಿಂಕ್. ನಕ್ಷತ್ರ ಗ್ರಹದ ಹಿಂದೆ ಮರೆಯಾಗುವ ಸಮಯ ಖಚಿತವಾಗಿ ಗೊತ್ತಿರಲಿಲ್ಲವಾದ್ದರಿಂದ ಅವರು ಸಾಕಷ್ಟು ಮುಂಚೆಯೇ ಉಪಕರಣ ಚಾಲೂ ಮಾಡಿದ್ದರು. ಆ ಮುಂಜಾಗ್ರತೆಯೇ ಕೈಹಿಡಿಯಿತು. ಗ್ರಹ ನಕ್ಷತ್ರವನ್ನು ಮರೆಮಾಡುವುದಕ್ಕೆ ಅರ್ಧ ಗಂಟೆಗೂ ಮೊದಲೇ ಬೆಳಕು ಐದು ಸಲ ಮಿನುಗಿ ಕುಸಿಯಿತು. ಗ್ರಹ ದಾಟಿ ಹೋದ ಮೇಲೆ ಇನ್ನೊಂದು ಬದಿಯಲ್ಲಿ ಮತ್ತೆ ಐದು ಸಲ. ಎರಡೂ ಬದಿಯ ಕುಸಿತಗಳು ಗ್ರಹದ ಕೇಂದ್ರದಿಂದ ಹೆಚ್ಚುಕಡಿಮೆ ಒಂದೇ ದೂರದಲ್ಲಿದ್ದವು. ಒಂದು ಬದಿಯಲ್ಲಷ್ಟೇ ಆಗಿದ್ದರೆ ಯಾವುದೋ ಪುಟ್ಟ ಉಪಗ್ರಹ ಅಡ್ಡ ಬಂತು ಎನ್ನಬಹುದಿತ್ತು. ಎರಡೂ ಬದಿಗೆ ಒಂದೇ ಅಂತರದಲ್ಲಿ ಅಡ್ಡ ಬರಬೇಕೆಂದರೆ ಅದು ಗ್ರಹವನ್ನು ಸುತ್ತುವರಿದ ಬಳೆಯೇ ಆಗಿರಬೇಕು.

ಕವಲೂರಿನ ತಂಡ ‘ನೇಚರ್’ ಪತ್ರಿಕೆಗೆ ಕಳಿಸಿದ ಮೊದಲ ವರದಿಯಲ್ಲಿ ತಾವು ಕಂಡದ್ದನ್ನು ಹೊಸ ಉಪಗ್ರಹ ಎಂದೇ ಊಹಿಸಿತ್ತು. ಅದೇ ವರ್ಷ ಭಟ್ಟಾಚಾರ್ಯ ಮತ್ತು ವೈಣು ಬಾಪು ಸೇರಿ ಬರೆದ ಎರಡನೇ ವರದಿ ಯುರೇನಸ್ ಸುತ್ತ ಬಳೆಗಳ ವ್ಯವಸ್ಥೆಯೇ ಇದೆ ಎಂಬ ವಾದಕ್ಕೆ ಬಂತು. ನೈನಿತಾಲ್ ಮತ್ತು ಆಸ್ಟ್ರೇಲಿಯಾದ ಪರ್ತ್ ವೀಕ್ಷಣಾಲಯಗಳಲ್ಲೂ ಆ ರಾತ್ರಿಯ ದಾಖಲೆಗಳಿದ್ದವು. ಶನಿಗೆ ಮಾತ್ರ ಬಳೆಗಳಿವೆ ಎಂದು ಮೂರು ಶತಮಾನ ಕಾಲ ನಂಬಿದ್ದ ಜಗತ್ತಿಗೆ ಎರಡನೇ ಬಳೆಗಾರ ಗ್ರಹ ಸಿಕ್ಕಿದ್ದು ಹೀಗೆ.

ಈ ವಿಧಾನದ ಬಲ ಎಂಥದ್ದು ಎಂಬುದನ್ನು ಸ್ವಲ್ಪ ನಿಂತು ನೋಡಬೇಕು. ಯುರೇನಸ್ ಸೂರ್ಯನಿಂದ ಸುಮಾರು 290 ಕೋಟಿ ಕಿ.ಮೀ. ದೂರದಲ್ಲಿದೆ. ಅದರ ಬಳೆಗಳಲ್ಲಿ ಹೆಚ್ಚಿನವು ಹತ್ತು ಕಿ.ಮೀ. ಆಸುಪಾಸಿನ ಅಗಲದವು, ಮೇಲಾಗಿ ಇದ್ದಿಲಿನಷ್ಟು ಕಪ್ಪು. ಅಂದಿನ ಯಾವ ದೂರದರ್ಶಕಕ್ಕೂ ಅವು ನೇರವಾಗಿ ಕಾಣುವಂತಿರಲಿಲ್ಲ. ಆದರೆ ನಕ್ಷತ್ರ ಎಂಬುದು ಎಷ್ಟೋ ಜ್ಯೋತಿರ್ವರ್ಷ ಆಚೆಗಿನ ಬೆಳಕಿನ ಬಿಂದು. ಅದರ ಮುಂದೆ ಬಳೆ ಹಾದಾಗ ಬಳೆಯ ನೆರಳು ಭೂಮಿಯ ಮೇಲೆ ಸರಿದುಹೋಗುತ್ತದೆ. ನೆರಳು ಸೆಕೆಂಡಿಗೆ ಎಷ್ಟು ಕಿ.ಮೀ. ಸರಿಯುತ್ತದೆ ಎಂಬುದು ಗ್ರಹದ ಚಲನೆಯಿಂದ ಮೊದಲೇ ಗೊತ್ತು. ಬೆಳಕು ಎಷ್ಟು ಸೆಕೆಂಡು ಮಂಕಾಯಿತು ಎಂದು ಅಳೆದು ಅದರಿಂದ ಗುಣಿಸಿದರೆ ಬಳೆಯ ಅಗಲ ಸಿಗುತ್ತದೆ. ಕಣ್ಣಿಗೆ ಕಾಣದ್ದನ್ನು ಗಡಿಯಾರದಿಂದ ಅಳೆದದ್ದು ಇದು.

ಯುರೇನಸ್ ಮತ್ತು ನೆಪ್ಚೂನ್ ಬಗ್ಗೆ ನಮಗೆ ತಿಳಿದಿರುವುದರ ಬಹುಪಾಲು ಬಂದದ್ದು ಇಂಥ ಸುತ್ತುದಾರಿಗಳಿಂದಲೇ. ಈ ಹಿಮದೈತ್ಯರನ್ನು ಮನುಷ್ಯ ಹತ್ತಿರದಿಂದ ನೋಡಿದ್ದು ತಲಾ ಒಂದೇ ಸಲ, ಅದೂ ಓಡುತ್ತೋಡುತ್ತ. ಪಠ್ಯಪುಸ್ತಕಗಳಲ್ಲಿ ಇವುಗಳ ಬಗ್ಗೆ ಅಚ್ಚಾಗಿರುವ ಎಷ್ಟೋ ಸಂಗತಿಗಳು ಆ ಒಂದೇ ಭೇಟಿಯ ಮೇಲೆ ನಿಂತಿವೆ. ಅವುಗಳಲ್ಲಿ ಕೆಲವು ಈಗ ಅಲುಗಾಡುತ್ತಿವೆ.

ಮೊದಲಿಗೆ ಇವು ಸಿಕ್ಕ ಬಗೆ. ನಮ್ಮ ನವಗ್ರಹ ಗುಡಿಗಳಲ್ಲಾಗಲಿ, ಗ್ರೀಕರ ಬಾಬಿಲೋನಿಯನ್ನರ ಪಟ್ಟಿಗಳಲ್ಲಾಗಲಿ ಬರಿಗಣ್ಣಿನ ಲೋಕ ಶನಿಗೇ ಮುಗಿಯುತ್ತದೆ. ನಿಜ ಹೇಳಬೇಕೆಂದರೆ ತೀರಾ ಕತ್ತಲಿನ ಆಕಾಶದಲ್ಲಿ ಯುರೇನಸ್ ಬರಿಗಣ್ಣಿಗೂ ಕಂಡೂ ಕಾಣದಂತೆ ಗೋಚರಿಸುತ್ತದೆ. ಆದರೆ ಸೂರ್ಯನನ್ನು ಒಂದು ಸುತ್ತು ಬರಲು ಅದಕ್ಕೆ 84 ವರ್ಷ ಬೇಕು. ಅಷ್ಟು ನಿಧಾನವಾಗಿ ಸರಿಯುವ ಮಂಕು ಚುಕ್ಕೆಯನ್ನು ಗ್ರಹವೆಂದು ಯಾರೂ ಅನುಮಾನಿಸಲಿಲ್ಲ. ಇಂಗ್ಲೆಂಡಿನ ಜಾನ್ ಫ್ಲ್ಯಾಮ್‌ಸ್ಟೀಡ್ 1690ರಲ್ಲೇ ಅದನ್ನು ಕಂಡು, ವೃಷಭ ರಾಶಿಯ 34ನೇ ನಕ್ಷತ್ರವೆಂದು ಪಟ್ಟಿಗೆ ಸೇರಿಸಿದ್ದರು.

1781ರ ಮಾರ್ಚ್ 13ರಂದು ಇಂಗ್ಲೆಂಡಿನ ಬಾತ್ ಪಟ್ಟಣದಲ್ಲಿ ತನ್ನ ಮನೆಯ ಹಿತ್ತಲಿನಿಂದ ಆಕಾಶ ನೋಡುತ್ತಿದ್ದ ವಿಲಿಯಂ ಹರ್ಷಲ್ ವೃತ್ತಿಯಿಂದ ಸಂಗೀತಗಾರ, ಚರ್ಚಿನಲ್ಲಿ ಆರ್ಗನ್ ನುಡಿಸುವವರು. ದೂರದರ್ಶಕದ ಕನ್ನಡಿಯನ್ನು ತಾವೇ ಉಜ್ಜಿ ಹೊಳಪು ಕೊಟ್ಟಿದ್ದರು. ಆ ರಾತ್ರಿ ಒಂದು ಚುಕ್ಕೆ ಸುತ್ತಲಿನ ನಕ್ಷತ್ರಗಳಿಗಿಂತ ದಪ್ಪಗಿದೆ ಅನ್ನಿಸಿತು. ಆಗ ಅವರು ನೋಡುತ್ತಿದ್ದದ್ದು 227 ಪಟ್ಟು ಹಿಗ್ಗಿಸುವ ಮಸೂರದಲ್ಲಿ. ಅದನ್ನು ತೆಗೆದು 460ರದ್ದನ್ನು, ಆಮೇಲೆ 932ರದ್ದನ್ನು ಹಾಕಿ ನೋಡಿದರು. ನಕ್ಷತ್ರವನ್ನು ಎಷ್ಟು ಹಿಗ್ಗಿಸಿದರೂ ಅದು ಬಿಂದುವಾಗಿಯೇ ಉಳಿಯುತ್ತದೆ. ಈ ಚುಕ್ಕೆ ಮಸೂರದ ಶಕ್ತಿಗೆ ತಕ್ಕಂತೆ ಹಿಗ್ಗುತ್ತಾ ಹೋಯಿತು. ಅಂದರೆ ಅದಕ್ಕೆ ಬಿಂಬವಿದೆ, ಅದು ನಮ್ಮ ಸೌರಮಂಡಲದ್ದೇ. ಹರ್ಷಲ್ ಅದನ್ನು ಧೂಮಕೇತು ಎಂದು ವರದಿ ಮಾಡಿದರು. ಆದರೆ ಧೂಮಕೇತುವಿನ ಉದ್ದನೆಯ ಕಕ್ಷೆ ಅದಕ್ಕೆ ಒಗ್ಗಲೇ ಇಲ್ಲ. ಶನಿಯ ಎರಡರಷ್ಟು ದೂರದಲ್ಲಿ ಸರಿಸುಮಾರು ವೃತ್ತಾಕಾರದ ಕಕ್ಷೆ ಇದೆ ಎಂದು ಆಂಡರ್ಸ್ ಲೆಕ್ಸೆಲ್ ಮತ್ತಿತರರು ಲೆಕ್ಕ ಹಾಕಿದಾಗ ಅದು ಗ್ರಹವೆಂಬುದು ಖಚಿತವಾಯಿತು. ಹರ್ಷಲ್ ತಮ್ಮ ದೊರೆ ಮೂರನೇ ಜಾರ್ಜ್‌ನ ಹೆಸರಿಟ್ಟರೂ ಬರ್ಲಿನ್ನಿನ ಯೊಹಾನ್ ಬೋಡೆ ಸೂಚಿಸಿದ ಯುರೇನಸ್ ಎಂಬ ಹೆಸರೇ ಉಳಿಯಿತು.

ನೆಪ್ಚೂನ್ ಕಥೆ ಇನ್ನೂ ರೋಚಕ. ಯುರೇನಸ್ ಹೋಗಬೇಕಾದ ದಾರಿಯ ಕೋಷ್ಟಕಗಳನ್ನು ಅಲೆಕ್ಸಿ ಬುವಾರ್ 1821ರಲ್ಲಿ ಪ್ರಕಟಿಸಿದರು. ಕೆಲವೇ ವರ್ಷಗಳಲ್ಲಿ ಗ್ರಹ ಕೋಷ್ಟಕವನ್ನು ಮೀರಿ ನಡೆಯತೊಡಗಿತು. ತಪ್ಪು ಬಹಳ ಸಣ್ಣದು. ಆದರೆ ನ್ಯೂಟನ್ನನ ನಿಯಮ ನಂಬಿದವರು ಸುಮ್ಮನೆ ಬಿಡುವಷ್ಟು ಸಣ್ಣದಲ್ಲ. ಆಚೆ ಇನ್ನೊಂದು ಗ್ರಹವಿದ್ದು, ಅದು ಯುರೇನಸ್ಸನ್ನು ಎಳೆಯುತ್ತಿರಬಹುದೇ?

ಎಳೆತದ ತರ್ಕ ಹೀಗಿದೆ. ಒಳಗಿನ ಗ್ರಹ ವೇಗವಾಗಿ ಸಾಗುತ್ತದೆ, ಹೊರಗಿನದು ನಿಧಾನ. ಹೊರಗಿನ ಗ್ರಹ ಮುಂದಿದ್ದು ಯುರೇನಸ್ ಅದನ್ನು ಹಿಂದಿನಿಂದ ಸಮೀಪಿಸುವಾಗ, ಅದರ ಗುರುತ್ವ ಯುರೇನಸ್ಸನ್ನು ಮುಂದಕ್ಕೆ ಸೆಳೆಯುತ್ತದೆ; ಗ್ರಹ ಲೆಕ್ಕಕ್ಕಿಂತ ಮುಂದೆ ಹೋಗಿರುತ್ತದೆ. ದಾಟಿ ಹೋದ ಮೇಲೆ ಅದೇ ಗುರುತ್ವ ಹಿಂದಕ್ಕೆ ಸೆಳೆಯುತ್ತದೆ. ಗ್ರಹ ಲೆಕ್ಕಕ್ಕಿಂತ ಹಿಂದೆ ಬೀಳುತ್ತದೆ. ಯುರೇನಸ್ ಹೀಗೆ ನೆಪ್ಚೂನ್‌ನ್ನು ದಾಟಿದ್ದು 1822ರ ಸುಮಾರಿಗೆ. ಅಂದರೆ ಕೋಷ್ಟಕ ಅಚ್ಚಾದ ಹೊತ್ತಿಗೆ ಸರಿಯಾಗಿ ಎಳೆತ ದಿಕ್ಕು ಬದಲಿಸುತ್ತಿತ್ತು!

ಪ್ಯಾರಿಸ್ಸಿನಲ್ಲಿ ಉರ್ಬೆ ಲೆ ವೆರಿಯೆ, ಕೇಂಬ್ರಿಜ್‌ನಲ್ಲಿ ಯುವಕ ಜಾನ್ ಕೌಚ್ ಆಡಮ್ಸ್, ಒಬ್ಬರಿಗೊಬ್ಬರು ಅರಿಯದೆ ಈ ಲೆಕ್ಕಕ್ಕೆ ಇಳಿದರು. ಇದು ತಿರುಗುಮುರುಗಾದ ಲೆಕ್ಕ. ಗ್ರಹ ಎಲ್ಲಿದೆ ಎಂದು ಗೊತ್ತಿದ್ದರೆ ಅದರ ಎಳೆತ ಹೇಳುವುದು ಸುಲಭ. ಎಳೆತ ನೋಡಿ ಗ್ರಹ ಎಲ್ಲಿದೆ, ಎಷ್ಟು ತೂಕದ್ದು ಎಂದು ಹೇಳುವುದು ಕಷ್ಟ. ಲೆ ವೆರಿಯೆ ತಮ್ಮ ಉತ್ತರವನ್ನು ಬರ್ಲಿನ್ ವೀಕ್ಷಣಾಲಯದ ಯೊಹಾನ್ ಗಾಲೆಗೆ ಪತ್ರದಲ್ಲಿ ಬರೆದು ಕಳಿಸಿದರು. ಪತ್ರ 1846ರ ಸೆಪ್ಟೆಂಬರ್ 23ರಂದು ತಲುಪಿತು. ಅಂದು ರಾತ್ರಿಯೇ ಗಾಲೆ ಮತ್ತು ವಿದ್ಯಾರ್ಥಿ ಹೈನ್ರಿಚ್ ದಾರೆಸ್ಟ್ ದೂರದರ್ಶಕದ ಬಳಿ ಇದ್ದರು. ಬಿಂಬ ಕಾಣುವ ಚುಕ್ಕೆಗಾಗಿ ಹುಡುಕಿದರೆ ಸಿಗಲಿಲ್ಲ. ಆಗ ದಾರೆಸ್ಟ್ ಹೊಸದಾಗಿ ತಯಾರಾಗಿದ್ದ ನಕ್ಷತ್ರಪಟ ನೋಡೋಣ ಎಂದರು. ಗಾಲೆ ದೂರದರ್ಶಕದಲ್ಲಿ ಕಂಡ ಒಂದೊಂದೇ ನಕ್ಷತ್ರವನ್ನು ಹೇಳುತ್ತಾ ಹೋದರು, ದಾರೆಸ್ಟ್ ಪಟದಲ್ಲಿ ಗುರುತು ಹಿಡಿಯುತ್ತಾ ಹೋದರು. ಒಂದು ಚುಕ್ಕೆಯ ಸರದಿ ಬಂದಾಗ ಅದು ಪಟದಲ್ಲಿಲ್ಲ ಎಂದು ದಾರೆಸ್ಟ್ ಕೂಗಿದರು. ಲೆ ವೆರಿಯೆ ಹೇಳಿದ ಜಾಗದಿಂದ ಅದು ಒಂದು ಡಿಗ್ರಿಗಿಂತ ಕಡಿಮೆ ದೂರದಲ್ಲಿತ್ತು. ಮರುದಿನ ರಾತ್ರಿ ನೋಡಿದರೆ ಸರಿದಿತ್ತು.

ಕೇಂಬ್ರಿಜ್‌ನ ಜೇಮ್ಸ್ ಚಾಲಿಸ್ ಅದೇ ಆಗಸ್ಟ್‌ನಲ್ಲಿ ಎರಡು ಸಲ ನೆಪ್ಚೂನ್‌ನ್ನು ದಾಖಲಿಸಿಯೂ ಗುರುತಿಸಿರಲಿಲ್ಲ. ಅದಕ್ಕೂ ಎರಡು ಶತಮಾನ ಹಿಂದೆ, 1612ರ ಡಿಸೆಂಬರ್‌ನಲ್ಲಿ, ಗುರುಗ್ರಹದ ಚಂದ್ರರನ್ನು ಗಮನಿಸುತ್ತಿದ್ದ ಗೆಲಿಲಿಯೋ ಅದನ್ನು ನಕ್ಷತ್ರವೆಂದು ಗುರುತು ಹಾಕಿದ್ದರು.

ಈ ಗೆಲುವಿನ ಹಿಂದೆ ಇನ್ನೊಂದು ಸ್ವಾರಸ್ಯವಿದೆ, ಜನಪ್ರಿಯ ಬರಹಗಳು ಅದನ್ನು ಹೆಚ್ಚಾಗಿ ಬಿಟ್ಟುಬಿಡುತ್ತವೆ. ಲೆ ವೆರಿಯೆ, ಆಡಮ್ಸ್ ಇಬ್ಬರೂ ಹೊಸ ಗ್ರಹದ ದೂರವನ್ನು ಅಂದು ಚಾಲ್ತಿಯಲ್ಲಿದ್ದ ಒಂದು ಸೂತ್ರದಿಂದ ಊಹಿಸಿದ್ದರು. ಭೂಮಿ–ಸೂರ್ಯರ ಅಂತರದ ಸುಮಾರು 38 ಪಟ್ಟು ಎಂದು ಶುರುಮಾಡಿದ್ದರು. ನಿಜವಾದ ದೂರ 30 ಪಟ್ಟು. ಹಾಗಾಗಿ ಅವರು ಹಾಕಿದ ಕಕ್ಷೆ ನಿಜವಾದ ಕಕ್ಷೆಗೆ ಹೊಂದುವುದಿಲ್ಲ. ಆದರೂ ದಿಕ್ಕು ಸರಿ ಬಂತು. ಏಕೆಂದರೆ ಎಳೆತ ಅತಿ ಜೋರಾಗಿದ್ದದ್ದು ಎರಡು ಗ್ರಹಗಳು ಅಕ್ಕಪಕ್ಕ ಬಂದ ವರ್ಷಗಳಲ್ಲಿ, ಆ ವರ್ಷಗಳ ಮಾಹಿತಿ ಅವರ ಕೈಲಿತ್ತು. ಇದನ್ನು ಬರೀ ಅದೃಷ್ಟ ಎಂದು ತಳ್ಳಿಹಾಕುವವರೂ ಇದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಎಲ್ಲಿ ಮಾಹಿತಿ ಗಟ್ಟಿಯಾಗಿತ್ತೋ ಅಲ್ಲಿ ಉತ್ತರವೂ ಗಟ್ಟಿಯಾಗಿತ್ತು. ಕಂಡುಹಿಡಿದ ದಿನದಿಂದ ನೆಪ್ಚೂನ್ ಸೂರ್ಯನ ಸುತ್ತ ಮೊದಲ ಪ್ರದಕ್ಷಿಣೆ ಮುಗಿಸಿದ್ದು 2011ರಲ್ಲಿ.

ಇನ್ನು ಇವು ಎಂಥ ಗ್ರಹಗಳು? ಗುರು ಮತ್ತು ಶನಿ ಬಹುಪಾಲು ಹೈಡ್ರೋಜನ್, ಹೀಲಿಯಂ. ಯುರೇನಸ್‌ಗೆ ಭೂಮಿಯ 14.5 ಪಟ್ಟು, ನೆಪ್ಚೂನ್‌ಗೆ 17 ಪಟ್ಟು ದ್ರವ್ಯರಾಶಿ ಇದ್ದು, ಅದರಲ್ಲಿ ಹಗುರ ಅನಿಲಗಳ ಪಾಲು ಸಣ್ಣದು. ಉಳಿದದ್ದು ನೀರು, ಅಮೋನಿಯ, ಮೀಥೇನ್ ಮತ್ತು ಕಲ್ಲಿನ ಅಂಶ ಎಂಬುದು ಬಹುಕಾಲದ ತಿಳಿವಳಿಕೆ. ಹಿಮದೈತ್ಯ ಎಂಬ ಹೆಸರು ಕೇಳಿ ಮಂಜುಗಡ್ಡೆಯ ಗೋಳ ಎಂದುಕೊಳ್ಳಬಾರದು. ಈ ವಸ್ತುಗಳು ಗ್ರಹ ಹುಟ್ಟುವಾಗ ಹಿಮವಾಗಿದ್ದವು. ಈಗ ಒಳಗೆ ಸಾವಿರಾರು ಡಿಗ್ರಿ ಶಾಖ, ಲಕ್ಷಾಂತರ ವಾಯುಭಾರದ ಒತ್ತಡದಲ್ಲಿ ದಟ್ಟ ಬಿಸಿ ದ್ರವವಾಗಿವೆ. ಹಿಮಕ್ಕಿಂತ ಕಲ್ಲೇ ಹೆಚ್ಚಿರಬಹುದು ಎಂಬ ವಾದವೂ ಈಗ ಇದೆ.

ಅಂಥ ಒತ್ತಡದಲ್ಲಿ ನೀರು ನಾವು ಕಂಡ ನೀರಿನ ಹಾಗೆ ಇರುವುದಿಲ್ಲ. ಆಮ್ಲಜನಕದ ಪರಮಾಣುಗಳು ಸ್ಫಟಿಕದಲ್ಲಿದ್ದಂತೆ ಸಾಲುಗಟ್ಟಿ ನಿಂತು, ಹೈಡ್ರೋಜನ್ ಅವುಗಳ ನಡುವೆ ದ್ರವದಂತೆ ಹರಿದಾಡುವ ಸ್ಥಿತಿಯೊಂದು ಉಂಟಾಗಬಹುದು ಎಂದು ಬಹಳ ಹಿಂದೆಯೇ ಸಿದ್ಧಾಂತಿಗಳು ಹೇಳಿದ್ದರು. ಅಮೆರಿಕದಲ್ಲಿ ಪ್ರಬಲ ಲೇಸರ್‌ಗಳಿಂದ ನೀರನ್ನು ಹಿಂಡಿ ನಡೆಸಿದ ಪ್ರಯೋಗಗಳು 2018 ಮತ್ತು 2019ರಲ್ಲಿ ಅದಕ್ಕೆ ಸಾಕ್ಷ್ಯ ಕೊಟ್ಟವು. 2017ರಲ್ಲಿ ಕ್ಯಾಲಿಫೋರ್ನಿಯಾದ ಸ್ಲ್ಯಾಕ್ ಪ್ರಯೋಗಾಲಯದಲ್ಲಿ ಇಂಗಾಲ, ಹೈಡ್ರೋಜನ್ ಎರಡೂ ಇರುವ ಪಾಲಿಸ್ಟೈರೀನ್ ಪ್ಲಾಸ್ಟಿಕ್ ಮೇಲೆ ಲೇಸರ್ ಹೊಡೆದಾಗ ಅತಿಸೂಕ್ಷ್ಮ ವಜ್ರದ ಕಣಗಳು ರೂಪುಗೊಂಡವು. ಮೀಥೇನ್ ಒಡೆದು ಇಂಗಾಲ ಬೇರೆಯಾಗಿ ಈ ಗ್ರಹಗಳ ಆಳದಲ್ಲಿ ವಜ್ರದ ಮಳೆ ಬೀಳುತ್ತಿರಬಹುದು ಎಂಬ ಮಾತಿಗೆ ಆಧಾರ ಇದೇ. ಪ್ರಯೋಗಾಲಯದಲ್ಲಿ ವಜ್ರ ಆದದ್ದು ನಿಜ. ಗ್ರಹದಲ್ಲಿ ಮಳೆ ಬೀಳುವುದನ್ನು ಕಂಡವರಿಲ್ಲ. ಈ ವ್ಯತ್ಯಾಸ ಸುದ್ದಿಗಳಲ್ಲಿ ಮಾಯವಾಗುವುದು ನನಗೆ ಬೇಸರದ ಸಂಗತಿ.

ಹತ್ತಿರದ ಭೇಟಿ ನಡೆಸಿದ್ದು ಒಂದೇ ನೌಕೆ, ವೊಯೇಜರ್ 2. ಗುರು, ಶನಿ, ಯುರೇನಸ್, ನೆಪ್ಚೂನ್ ನಾಲ್ಕೂ ಒಂದರ ಗುರುತ್ವದಿಂದ ಇನ್ನೊಂದಕ್ಕೆ ಜಿಗಿಯಲು ಅನುಕೂಲವಾಗುವಂತೆ ಸಾಲಾಗುವುದು ಸುಮಾರು 175 ವರ್ಷಗಳಿಗೊಮ್ಮೆ. ಅಂಥ ಅವಕಾಶ 1970ರ ದಶಕದ ಕೊನೆಗೆ ಬರುತ್ತದೆ ಎಂದು ಗ್ಯಾರಿ ಫ್ಲ್ಯಾಂಡ್ರೋ 1965ರಲ್ಲಿ ಗುರುತಿಸಿದ್ದರು. ನೌಕೆ 1977ರ ಆಗಸ್ಟ್ 20ರಂದು, ಅಂದರೆ ಬಳೆಗಳು ಸಿಕ್ಕ ಐದು ತಿಂಗಳಿಗೆ, ಹೊರಟಿತು. 1986ರ ಜನವರಿ 24ರಂದು ಯುರೇನಸ್‌ನ ಮೋಡಗಳಿಂದ ಸುಮಾರು 81,500 ಕಿ.ಮೀ. ಎತ್ತರದಲ್ಲಿ ಹಾದುಹೋಯಿತು.

ಅಲ್ಲಿ ಬಿಸಿಲು ಭೂಮಿಗೆ ಬೀಳುವುದರ 370ರಲ್ಲಿ ಒಂದು ಪಾಲು. ಚಿತ್ರ ಮೂಡಬೇಕಾದರೆ ಕ್ಯಾಮೆರಾದ ಕಣ್ಣನ್ನು ಹೆಚ್ಚು ಹೊತ್ತು ತೆರೆದಿಡಬೇಕು. ನೌಕೆ ಧಾವಿಸುತ್ತಿರುವುದರಿಂದ ಹಾಗೆ ಮಾಡಿದರೆ ಚಿತ್ರ ಕಲಸಿಹೋಗುತ್ತದೆ. ಮೇಲಾಗಿ ಕ್ಯಾಮೆರಾ ಕೂರಿಸಿದ್ದ ತಿರುಗುವ ವೇದಿಕೆ ಶನಿಯ ಬಳಿ ಒಮ್ಮೆ ಸಿಕ್ಕಿಹಾಕಿಕೊಂಡಿತ್ತು, ಅದನ್ನು ವೇಗವಾಗಿ ತಿರುಗಿಸುವ ಧೈರ್ಯವಿರಲಿಲ್ಲ. ಎಂಜಿನಿಯರುಗಳು ಕಂಡುಕೊಂಡ ದಾರಿ ಎಂದರೆ, ಚಿತ್ರ ತೆಗೆಯುವಷ್ಟು ಹೊತ್ತು ಇಡೀ ನೌಕೆಯನ್ನೇ ಗುರಿಗೆ ತಕ್ಕಂತೆ ನಿಧಾನವಾಗಿ ಹೊರಳಿಸುವುದು. ಸಂಕೇತ ಅಲ್ಲಿಗೆ ತಲುಪಲು ಹಿಡಿಯುವ ಹೊತ್ತಿನಿಂದಾಗಿ ಆ ಆದೇಶಗಳನ್ನು ಎರಡೂಮುಕ್ಕಾಲು ಗಂಟೆ ಮುಂಚೆಯೇ ಭೂಮಿಯಿಂದ ಕಳಿಸಬೇಕು. ಮಿರಾಂಡಾ ಎಂಬ 470 ಕಿ.ಮೀ. ವ್ಯಾಸದ ಪುಟ್ಟ ಚಂದ್ರನ ಮೇಲೆ ಸುಮಾರು 20 ಕಿ.ಮೀ. ಎತ್ತರದ್ದೆಂದು ಅಂದಾಜಿಸಲಾದ ಪ್ರಪಾತ ನಮಗೆ ಕಂಡದ್ದು ಈ ಜಾಣ್ಮೆಯಿಂದ.

ಯುರೇನಸ್ ಒರಗಿ ಮಲಗಿದ ಗ್ರಹ. ಅದರ ಅಕ್ಷ 98 ಡಿಗ್ರಿ ವಾಲಿದೆ. ಉಳಿದವು ಹೆಚ್ಚುಕಡಿಮೆ ನೆಟ್ಟಗೆ ನಿಂತು ಸೂರ್ಯನಿಗೆ ಪ್ರದಕ್ಷಿಣೆ ಬಂದರೆ ಇದರದ್ದು ಉರುಳುಸೇವೆ. ಹಾಗಾಗಿ ಒಂದೊಂದು ಧ್ರುವಕ್ಕೆ 42 ವರ್ಷ ಹಗಲು, 42 ವರ್ಷ ಇರುಳು. ಹುಟ್ಟಿದ ಹೊಸತರಲ್ಲಿ ಭೂಮಿಗಿಂತ ದೊಡ್ಡ ಕಾಯವೊಂದು ಡಿಕ್ಕಿ ಹೊಡೆದು ಹೀಗಾಗಿರಬೇಕು ಎಂಬುದು ಹೆಚ್ಚು ಜನ ಒಪ್ಪುವ ಊಹೆ. ಅದರ ಕಾಂತಕ್ಷೇತ್ರವೂ ವಿಚಿತ್ರವೇ: ಅಕ್ಷದಿಂದ 59 ಡಿಗ್ರಿ ಓರೆ, ಗ್ರಹದ ನಡುವಿನಿಂದ ತ್ರಿಜ್ಯದ ಮೂರನೇ ಒಂದು ಪಾಲಿನಷ್ಟು ಪಕ್ಕಕ್ಕೆ. ನೆಪ್ಚೂನ್‌ನದ್ದೂ 47 ಡಿಗ್ರಿ ಓರೆ. ಭೂಮಿಯ ಹಾಗೆ ನಡುಗರ್ಭದಲ್ಲಲ್ಲ, ಮೇಲುಪದರದ ವಿದ್ಯುದ್ವಾಹಕ ದ್ರವದ ತಿರುಗಾಟದಲ್ಲಿ ಈ ಕಾಂತಕ್ಷೇತ್ರ ಹುಟ್ಟುತ್ತಿರಬೇಕು ಎಂದು ಇದರಿಂದ ಅನುಮಾನ.

1989ರ ಆಗಸ್ಟ್ 25ರಂದು ವೊಯೇಜರ್ ನೆಪ್ಚೂನ್‌ನ್ನು 5,000 ಕಿ.ಮೀ.ಗೂ ಕಡಿಮೆ ಎತ್ತರದಲ್ಲಿ ದಾಟಿತು. ಕ್ಷೀಣ ಸಂಕೇತ ಹಿಡಿಯಲೆಂದು ನಾಸಾ ತನ್ನ 64 ಮೀಟರ್ ಆಂಟೆನಾಗಳನ್ನು 70 ಮೀಟರಿಗೆ ಹಿಗ್ಗಿಸಿತ್ತು. ಗಂಟೆಗೆ 2,000 ಕಿ.ಮೀ. ಮುಟ್ಟುವ ಗಾಳಿ, ಭೂಮಿಯಷ್ಟು ದೊಡ್ಡ ಕಪ್ಪು ಸುಳಿ ಅಲ್ಲಿದ್ದವು. 1994ರಲ್ಲಿ ಹಬಲ್ ಬಾಹ್ಯಾಕಾಶ ದೂರದರ್ಶಕ ನೋಡಿದಾಗ ಆ ಸುಳಿ ಅಲ್ಲಿರಲಿಲ್ಲ. ಗ್ರಹ ತಿರುಗುವ ದಿಕ್ಕಿಗೆ ವಿರುದ್ಧವಾಗಿ ಸುತ್ತುವ ದೊಡ್ಡ ಚಂದ್ರ ಟ್ರೈಟನ್, −235 ಡಿಗ್ರಿ ಸೆಲ್ಸಿಯಸ್ ಚಳಿಯಲ್ಲೂ ಎತ್ತರೆತ್ತರದ ಬುಗ್ಗೆಗಳನ್ನು ಚಿಮ್ಮಿಸುತ್ತಿತ್ತು. ಟ್ರೈಟನ್ ಅಲ್ಲೇ ಹುಟ್ಟಿದ್ದಲ್ಲ, ನೆಪ್ಚೂನ್‌ನ ಆಚೆ ಹಿಮಕಾಯಗಳು ಸುತ್ತುವ ಕೈಪರ್ ಪಟ್ಟಿಯಿಂದ ಸೆರೆಸಿಕ್ಕದ್ದು ಎಂಬುದು ಹೆಚ್ಚು ಜನ ಒಪ್ಪುವ ಮಾತು.

ಅಲ್ಲಿಂದೀಚೆಗೆ ಯಾವ ನೌಕೆಯೂ ಅತ್ತ ಹೋಗಿಲ್ಲ. ಹೀಗಾಗಿ ಒಂದೇ ದಿನ ಕಂಡದ್ದು ಗ್ರಹದ ನಿತ್ಯದ ಸ್ವಭಾವವೆಂದು ದಾಖಲಾಯಿತು. ಯುರೇನಸ್‌ನ ಕಾಂತವಲಯದಲ್ಲಿ ವೊಯೇಜರ್‌ಗೆ ಅಯಾನುಗಳು, ಅಂದರೆ ವಿದ್ಯುದಾವೇಶ ಪಡೆದ ಪರಮಾಣುಗಳು, ತೀರಾ ವಿರಳವಾಗಿ ಕಂಡವು, ಆದರೆ ಎಲೆಕ್ಟ್ರಾನ್ ವಿಕಿರಣ ಮಾತ್ರ ಅತಿ ತೀವ್ರ. ಇದು ಹೊಂದದ ಜೋಡಿ. ಚಂದ್ರರಿಂದ ಏನೂ ಹೊರಬರುತ್ತಿಲ್ಲ, ಅವು ಜಡ ಎಂಬ ತೀರ್ಮಾನಕ್ಕೆ ಅದು ದಾರಿ ಮಾಡಿತು. 2024ರಲ್ಲಿ ಹಳೆಯ ಅಂಕಿಅಂಶಗಳನ್ನು ಮತ್ತೆ ಕೆದಕಿದ ಸಂಶೋಧಕರಿಗೆ ಬೇರೆಯೇ ಕಥೆ ಸಿಕ್ಕಿತು. ನೌಕೆ ತಲುಪುವ ಕೆಲವೇ ದಿನ ಮುಂಚೆ ಸೌರಮಾರುತದ ಹೊಡೆತಕ್ಕೆ ಕಾಂತವಲಯ ಕುಗ್ಗಿಹೋಗಿತ್ತು. ಅಂಥ ಸ್ಥಿತಿ ಇರುವುದು ಶೇ. 4ರಷ್ಟು ಸಮಯ ಮಾತ್ರ. ಚಂದ್ರರನ್ನು ಜಡ ಎನ್ನಲು ಆ ಸಾಕ್ಷ್ಯ ಸಾಲದು. ಕೆಲವುಗಳ ಹಿಮದ ಅಡಿಯಲ್ಲಿ ಕಡಲೇ ಇರಬಹುದು.

ಶಾಖದ್ದೂ ಇದೇ ಕಥೆ. ನೆಪ್ಚೂನ್ ಸೂರ್ಯನಿಂದ ಪಡೆಯುವುದರ ಎರಡೂವರೆ ಪಟ್ಟಿಗೂ ಹೆಚ್ಚು ಶಾಖ ಹೊರಸೂಸುತ್ತದೆ. ಯುರೇನಸ್‌ಗೆ ಒಳಶಾಖವೇ ಇಲ್ಲವೇನೋ ಎಂಬಂತೆ ವೊಯೇಜರ್ ಅಳತೆ ಇತ್ತು. ದಶಕಗಳ ವೀಕ್ಷಣೆಗಳನ್ನು ಕೂಡಿಸಿ 2025ರಲ್ಲಿ ಹಾಕಿದ ಲೆಕ್ಕ, ಅದು ಪಡೆಯುವುದಕ್ಕಿಂತ ಶೇ. 10ಕ್ಕೂ ಮೀರಿ ಹೆಚ್ಚು ಹೊರಸೂಸುತ್ತದೆ ಎನ್ನುತ್ತದೆ. ಬಣ್ಣವೂ ಸರಿಹೋಗಿದೆ. ನೆಪ್ಚೂನ್ ಕಡುನೀಲಿ ಎಂದು ನಾವೆಲ್ಲ ನೋಡಿದ್ದು ಮೋಡಗಳ ವಿವರ ಎದ್ದು ಕಾಣಲೆಂದು ಗಾಢಗೊಳಿಸಿದ ಚಿತ್ರಗಳನ್ನು. ಎರಡೂ ಗ್ರಹಗಳು ಹೆಚ್ಚುಕಡಿಮೆ ಒಂದೇ ತಿಳಿ ಹಸಿರುನೀಲಿ ಎಂದು 2024ರ ಅಧ್ಯಯನ ತೋರಿಸಿತು. ಹಬಲ್‌ನ ವರ್ಷಗಟ್ಟಲೆಯ ಧ್ರುವಪ್ರಭೆ ಚಿತ್ರಗಳಿಂದ ಯುರೇನಸ್‌ನ ದಿನ ಹಿಂದಿನ ಲೆಕ್ಕಕ್ಕಿಂತ 28 ಸೆಕೆಂಡು ಉದ್ದ ಎಂದು ಗೊತ್ತಾಯಿತು. ಜೇಮ್ಸ್ ವೆಬ್ ದೂರದರ್ಶಕ 2025ರಲ್ಲಿ ಹತ್ತು ಕಿ.ಮೀ. ಗಾತ್ರದ ಇನ್ನೊಂದು ಚಂದ್ರನನ್ನು ಹಿಡಿದು ಯುರೇನಸ್ ಚಂದ್ರರ ಎಣಿಕೆಯನ್ನು 29ಕ್ಕೆ ಏರಿಸಿತು.

ಇಷ್ಟು ದೂರದ ಗ್ರಹಗಳ ಚಿಂತೆ ಯಾಕೆ ಎಂದು ಕೇಳುವವರಿಗೆ ನೇರ ಉತ್ತರವಿದೆ. ಕೆಪ್ಲರ್ ದೂರದರ್ಶಕದ ಹುಡುಕಾಟದಲ್ಲಿ ಬೇರೆ ನಕ್ಷತ್ರಗಳ ಬಳಿ ಅತಿ ಹೆಚ್ಚು ಸಿಕ್ಕವು ಭೂಮಿಗಿಂತ ದೊಡ್ಡವು, ನೆಪ್ಚೂನ್‌ಗಿಂತ ಚಿಕ್ಕವು. ನಕ್ಷತ್ರದಿಂದ ದೂರದಲ್ಲಿರುವ ನೆಪ್ಚೂನ್ ತೂಕದ ಗ್ರಹಗಳನ್ನು ಹಿಡಿಯಲು ಮತ್ತೆ ಸುತ್ತುದಾರಿಯೇ ಬೇಕು. ಒಂದು ನಕ್ಷತ್ರದ ಮುಂದೆ ಇನ್ನೊಂದು ಹಾದಾಗ ಮುಂದಿನದರ ಗುರುತ್ವ ಹಿಂದಿನದರ ಬೆಳಕನ್ನು ಬಾಗಿಸಿ ಹೆಚ್ಚಿಸುತ್ತದೆ. ಮುಂದಿನದಕ್ಕೆ ಗ್ರಹವಿದ್ದರೆ ಆ ಏರಿಳಿತದಲ್ಲಿ ಸಣ್ಣದೊಂದು ಸುಳಿವು ಮೂಡುತ್ತದೆ. 2005ರಲ್ಲಿ ಹೀಗೆ ಸಿಕ್ಕ ಗ್ರಹವೊಂದು ಯುರೇನಸ್‌ನಷ್ಟೇ ತೂಕದ್ದು. ಗ್ರಹಗಳ ಅತಿ ಸಾಮಾನ್ಯ ಅಳತೆಗೆ ಹತ್ತಿರದ ಎರಡು ಮಾದರಿ ನಮ್ಮ ಅಂಗಳದಲ್ಲೇ ಇವೆ, ನಾವೇ ಅವನ್ನು ಸರಿಯಾಗಿ ನೋಡಿಲ್ಲ. ಅವು ಹುಟ್ಟಿದ್ದೆಲ್ಲಿ ಎಂಬುದೂ ಇತ್ಯರ್ಥವಾಗಿಲ್ಲ. ಈಗಿರುವಷ್ಟು ದೂರದಲ್ಲಿ ಕಚ್ಚಾವಸ್ತು ವಿರಳ. ಸೂರ್ಯನ ಹತ್ತಿರ ಹುಟ್ಟಿ ಆಮೇಲೆ ಹೊರಕ್ಕೆ ಸರಿದಿರಬೇಕು ಎನ್ನುವ 2005ರ ಮಾದರಿಯಲ್ಲಿ, ಅರ್ಧದಷ್ಟು ಲೆಕ್ಕಗಳಲ್ಲಿ ಎರಡೂ ಗ್ರಹಗಳು ಜಾಗ ಅದಲುಬದಲಾಗುತ್ತವೆ.

ಅಮೆರಿಕದ ವಿಜ್ಞಾನಿಗಳ ದಶವಾರ್ಷಿಕ ವರದಿ 2022ರಲ್ಲಿ ಯುರೇನಸ್ ಸುತ್ತುವ ನೌಕೆಯನ್ನು ಮುಂದಿನ ದೊಡ್ಡ ಯೋಜನೆಗಳಲ್ಲಿ ಮೊದಲನೆಯದಾಗಿ ಶಿಫಾರಸು ಮಾಡಿತು. ಗುರುವಿನ ನೆರವು ಸಿಗಬೇಕಾದರೆ 2030ರ ದಶಕದ ಆರಂಭದಲ್ಲೇ ಹೊರಡಬೇಕಿತ್ತು. ಹಣ, ಬಿಸಿಲಿಲ್ಲದ ಕಡೆ ವಿದ್ಯುತ್ ಕೊಡುವ ಪ್ಲುಟೋನಿಯಂ ಎರಡರ ಕೊರತೆಯಿಂದ ಆ ದಿನ ಕೈಜಾರುತ್ತಿದೆ. ತಡವಾದರೆ ನಷ್ಟವಿದೆ. ವೊಯೇಜರ್ ಹೋದಾಗ ಚಂದ್ರರ ಉತ್ತರಾರ್ಧ ಕತ್ತಲಲ್ಲಿತ್ತು. ಈಗ ಅಲ್ಲಿ ಬೆಳಕಿದೆ. 2050ರ ಸುಮಾರಿಗೆ, ಹಗಲು ಇರುಳು ಸಮನಾಗುವ ವಿಷುವ ದಾಟಿದ ಮೇಲೆ ಆ ಭಾಗ ಮತ್ತೆ 42 ವರ್ಷದ ಇರುಳಿಗೆ ಜಾರುತ್ತದೆ. ಅದಕ್ಕೂ ಮುನ್ನ ನೌಕೆ ಅಲ್ಲಿರಬೇಕು. ಅದು ತನ್ನೊಡನೆ ಒಯ್ಯುವ ಪುಟ್ಟ ಶೋಧಕ ಮೋಡಗಳೊಳಗೆ ಇಳಿಯುತ್ತಾ ಹೀಲಿಯಂ, ನಿಯಾನ್, ಆರ್ಗಾನ್‌ಗಳ ಪ್ರಮಾಣ ಅಳೆಯಬೇಕು. ಗ್ರಹ ಎಲ್ಲಿ ಹುಟ್ಟಿತು ಎಂಬುದರ ಗುರುತು ಈ ಜಡ ಅನಿಲಗಳಲ್ಲಿದೆ. ಇವನ್ನು ದೂರದಿಂದ ಯಾವ ದೂರದರ್ಶಕವೂ ಅಷ್ಟು ನಿಖರವಾಗಿ ಅಳೆಯಲಾರದು.